ವಾಲ್ವಿನ ಕೀಲಿ

ನಾಕು ಫೂಟಿನ ಕಬ್ಬಿಣದ ಸಲಾಕಿ, ಮ್ಯಾಲೆ ಅಡ್ಡಪಟ್ಟಿ.
ಇದನ್ನ ಕೈಗೆ ಕೊಟ್ಟು ಸಾಹೇಬರು ಅಂದಿದ್ದು ಇಷ್ಟ:
"ಬಲಕ್ಕ ತಿರುವಿದರ ಬಂದ್, ಎಡಕ್ಕ ತಿರುವಿದರ ನೀರು.
ಉಳಿದದ್ದು ನಕಾಶೆಯಾಗ ಐತಿ."

ನವನಗರದ ನಕಾಶೆಯಾಗ ಎಲ್ಲಾ ಇತ್ತು.
ಸಾಲಿ ಇತ್ತು, ಸಂತಿ ಇತ್ತು, ಸುಡುಗಾಡೂ ಇತ್ತು.
ಬಿಸಲು ಒಂದು ಬರದಿದ್ದಿಲ್ಲ.

ಎಲ್ಲಾ ಕ್ರಾಸೂ ಒಂದ ತಾಯಿ ಮಕ್ಕಳು.
ಹಳೇ ಬಾಗಲಕೋಟ್ಯಾಗ ಕಣ್ಣು ಮುಚ್ಚಿ ತಿರಗಿದ ಮಂದಿ,
ಗಾಣದ ವಾಸನಿಗೆ ಎಡಕ್ಕ, ನೂಲಿನ ಬಣ್ಣದ ವಾಸನಿಗೆ ಬಲಕ್ಕ,
ಇಲ್ಲಿ ಹಾಡಹಗಲ ದಾರಿ ತಪ್ಪಿದರು.
ಕಾಟವಾ ಗಂಗೂಬಾಯಿ ಮೂವತ್ತಾರು ಅಂತ ಮೂವತ್ತೇಳರಾಗ ಹೊಕ್ಕು
ಯಾರದೋ ಅಡಗಿಮನ್ಯಾಗ ಚೀಲ ಇಳಿಸಿ
ಮೆಂತೆಪಲ್ಲೆ ಸೋಸಾಕ ಕುಂತಳು.
ಆ ಮನಿಯಾಕಿ ಏನೂ ಅನಲಿಲ್ಲ, ಚಾಕ್ಕ ಇಟ್ಟಳು.
ಇಬ್ಬರೂ ಕೂಡೇ ಸೋಸಿದರು.

ಮನಿ ಸುತ್ತ ನಾಕೂ ಕಡೆ ಜಾಗಾ ಬಿಡಬೇಕಂತ ಕಾಯ್ದೆ.
ಗ್ವಾಡಿಗೆ ಗ್ವಾಡಿ ಹಚ್ಚಿ ಬೆಳೆದವರಿಗೆ
ಆ ಮೂರು ಫೂಟು ಘಟಪ್ರಭೆಗಿಂತ ಅಗಲ.
"ಚಿಟಿಕಿ ಉಪ್ಪು ಕೇಳಾಕೂ ಚಪ್ಪಲಿ ಮೆಟ್ಟಬೇಕಲ್ಲಪಾ"
ಅಂದಳು ಮೆಹಬೂಬಬಿ ಅತ್ತಾರ.
ಮೊದಲು ಅಲ್ಲಿ ಒಗಿಯೋ ಕಲ್ಲು ಬಂತು,
ಕಲ್ಲಿನ ಮ್ಯಾಲೆ ತಗಡು, ತಗಡಿನ ಕೆಳಗ ಹಿಟ್ಟಿನ ಗಿರಣಿ,
ಗಿರಣಿ ಮ್ಯಾಲೆ ನರ್ಸಿಂಗ್ ಹುಡಿಗ್ಯಾರ ಪಿ.ಜಿ.
ಕಾಯ್ದೆ ಒಂದಿನ ಜೀಪಿನ್ಯಾಗ ಬಂದು ನೋಡಿತು,
ತನ್ನ ಜ್ವಾಳಾ ಬೀಸಿಸಿಕೊಂಡು ಹೋತು.

ನಾ ಈ ಊರನ್ನ ಪಾಳಿಯಿಂದ ಬಲ್ಲೆ.
ಯಾರ ಮನಿಗೆ ನೀರು ಮೊದಲು ಮುಟ್ಟತೈತಿ,
ಯಾರ ಮೋಟರು ಕದ್ದು ಗುಂಯ್ ಅಂತೈತಿ,
ಯಾರು ಬಾಡಿಗಿಯವರಿಗೆ ಟಾಕಿ ಕೀಲಿ ಹಾಕತಾರ,
ಎಲ್ಲಾ ಗೊತ್ತು. ಹೇಳೂದಿಲ್ಲ.
ನೀರು ಬಂದು ಎಬ್ಬಿಸಿದ ಮಂದಿ ನಾವು.
ಒಂದು ತಾಸು ತಡ ಆತಂದ್ರ
"ನೀರು ಯಾಕ ಬರಲಿಲ್ಲೋ ಮಾನಪ್ಪ" ಅಂತ ಬೈತಾರ.
ಬೈದವರೂ ನಗತಾರ, ನಾನೂ ನಗತೀನಿ,
ಯಾಕಂತ ಯಾರೂ ಕೇಳೂದಿಲ್ಲ.

ಮೊನ್ನೆ ರೇಣುಕಾ ಚಲವಾದಿ, ಹೊಸಾ ಎಂಜಿನಿಯರು,
ಟ್ಯಾಬ್ ಹಿಡಕೊಂಡು ನಡುದಾರ್ಯಾಗ ನಿಂತಿದ್ದಳು.
"ಕಾಕಾ, ಇಲ್ಲೊಂದು ವಾಲ್ವ್ ತೋರಸ್ತೈತಿ."
ಅಲ್ಲಿ ಪಾನಂಗಡಿ ಇತ್ತು.
ನಾನು ನೀಲಪ್ಪ ಮಾಸ್ತರರ ಬೇವಿನ ಬುಡದಿಂದ
ಹನ್ನೊಂದು ಹೆಜ್ಜಿ ಎಣಿಸಿ ಡಾಂಬರು ಕುಕ್ಕಿದೆ.
ಟಣ್ ಅಂತು.
"ಈ ಗಿಡಾ ನಕಾಶೆಯಾಗ ಇಲ್ಲಲ್ಲ?"
"ಹಚ್ಚಿದಾಗ ಮೊಣಕಾಲುದ್ದ ಇತ್ತವ್ವಾ. ಈಗ ಹಾಕು."
ಬೆರಳಿನಿಂದ ಹಸರು ಚುಕ್ಕಿ ಇಟ್ಟಳು.
ಇಲ್ಲೇ ಹುಟ್ಟಿದಾಕಿ. ಯಾವ ಓಣಿ ಅಂದರ
"ನಲವತ್ತೇಳು" ಅಂತಾಳ,
ನಮ್ಮವ್ವ ಮನಿದೇವರ ಹೆಸರು ಹೇಳಿದಂಗ.

ಬ್ಯಾಸಿಗ್ಯಾಗ ಹಿನ್ನೀರು ಇಳದಾಗ
ಪಾವಟಗಿ ಏಳತಾವ, ಅರ್ಧ ಕಮಾನು ಏಳತೈತಿ.
ಹುಡುಗರು ಬೈಕ್ ಮ್ಯಾಲೆ ಫೋಟೋಕ್ಕ ಹೋಗತಾರ.
ನಾನೂ ಹೋಗಿದ್ದೆ, ಸಲಾಕಿ ಸೈಕಲ್ಲಿಗೆ ಕಟ್ಟಿದ್ದು ಹಂಗ ಇತ್ತು.
ನಮ್ಮ ಓಣಿ ತಿರುವಿನ್ಯಾಗ ಹಳೇ ವಾಲ್ವಿನ ಗುಂಡಿ, ಒಳಗೆಲ್ಲಾ ರಾಡಿ.
ಕೈ ಹಾಕಿ ತಗದೆ. ಕೀಲಿ ಇಳಿಸಿದೆ. ಕುಂತಿತು.
ಎರಡೂ ಕಾಲು ಊರಿ ಬಲಕ್ಕ ತಿರುವಿದರ
ಅರ್ಧ ಸುತ್ತು ತಿರುಗಿತು.
ಯಾರೋ ಅವಸರದಾಗ ಬಿಟ್ಟ ಬಂದಿದ್ದರು.

ಅಷ್ಟರಾಗ ಫೋನು, ಮೂವತ್ತಾರರಿಂದ:
"ಮಾನಪ್ಪ, ಇವತ್ತು ನಮ್ಮ ಪಾಳಿ ಹೌದಲ್ಲೋ?"