ಮೂವತ್ತೊಂದು ಟವೆಲ್

ಸೊಲ್ಲಾಪುರದ ಮಂದಿಗೆಲ್ಲ ಹೇಳೋದು ಬ್ಯಾಡ ಅಂದಾಗ
ಅಪ್ಪ ಮಗ್ಗದ ಗದ್ದಲದಾಗ ಕೇಳಿಸಲಾರದವರಂಗ ನಿಂತಿದ್ದ.
ಮರುದಿನ ತಾನ ಬಂದು ಕೇಳಿದ: ಎಷ್ಟು ಟವೆಲ್?

ಮೂವತ್ತೊಂದು.
ಅಂಚಿನಾಗ ಒಬ್ಬೊಬ್ಬರ ಹೆಸರು.
ನೇಯೋದಾದರ ಹೆಸರಿಗೊಂದು ಕಾರ್ಡು ಹೊಡೆಸಬೇಕು,
ಮದುವಿಗಿಂತ ಅದ ತುಟ್ಟಿ, ಅಂದ.
ಅದಕ್ಕ ನಾ ಸೂಜಿ ಹಿಡದೀನಿ, ದಿನಾ ರಾತ್ರಿ.

ಗಿರಿಮಲ್ಲವ್ವ ಅತ್ತಿಗೆ ಎರಡು ರಾತ್ರಿ ಹೋದವು.
ಈರ ಕಾಕಾ ಊಟಕ್ಕ ಮೊದಲ ಮುಗದ.
ಹಿಂಗಾಗಿ ಗಿಡ್ಡ ಹೆಸರಿನವರ ಮ್ಯಾಲೆ
ಈಗೀಗ ಜೀವ ಜಾಸ್ತಿ.
ಮಲ್ಹಾರಿ ಕಡಿಯವರಿಗೆ ಮರಾಠಿ ಅಕ್ಷರ;
ತಲಿಮ್ಯಾಲಿನ ಗೆರಿ ಸೊಟ್ಟಾದರ
ಎರಡು ಎಲಿ ಹಚ್ಚಿ ಬಳ್ಳಿ ಮಾಡತೀನಿ.

ಒಂದು ಹೆಸರು ಹೊಲದೆ, ಬಿಚ್ಚಿದೆ, ಮತ್ತ ಹೊಲದೆ.
ತೀರಿಹೋದಾವನ ತಾಯಿ.
ಬರೂದಿಲ್ಲ ಅಂತ ಹೇಳಿ ಕಳಿಸ್ಯಾಳ.
ಸೂಜಿಯ ತೂತು ಹಂಗ ಉಳದಿದ್ದವು,
ಅದರಾಗ ಹಾಯೋದು ಈ ಸಲ ಸಸಾರ ಆತು.

ಲಗ್ನ ಅಕ್ಕಲಕೋಟ ರೋಡಿನ ನಮ್ಮ ಶೆಡ್ಡಿನಾಗ,
ಮಗ್ಗಗಳ ನಡುವಿನ ಓಣಿಯಾಗ.
ಅಕ್ಷತೆಗೆ ಅರಿಶಿಣ ಹಚ್ಚಿದ ಜೋಳ, ಒಂದ ಸೇರು.
ನಿನ್ನೆ ಐತವಾರ ಎಂಟೂ ಮಗ್ಗ ಬಂದ್ ಮಾಡಿ
ಯಾರು ಎಲ್ಲಿ ಕೂಡಬೇಕು ಅಂತ ಅಪ್ಪ ತೋರಸ್ತಿದ್ದ.
ಇಲ್ಲಿ ಬೀಗರು, ಇಲ್ಲಿ ಸ್ವಾಮಿಗಳು, ಈ ಕಂಬದ ಕಡೆ…
ಅರ್ಧಕ್ಕ ನಿಂತು ನನ್ನ ಮಾರಿ ನೋಡಿದ:
ಇಷ್ಟು ಜೋರ ಮಾತಾಡ್ತೀನೇನ ನಾ?

ಹೂಂ, ಅಂದೆ.
ಅದೂ ಒದರಿದಂಗ ಬಂತು.