ಮೂರನೇ ಹಾಡಿನ ಕೆಮ್ಮು

ಹತ್ತು ಲಕ್ಷ ಮಾರಿತು. ಮೊದಲೇ ಹೇಳಿಬಿಡುತ್ತೇನೆ,
ಆಮೇಲೆ ಯಾರೂ ಕೇಳಬಾರದು.

ನ್ಯೂವಾರ್ಕಿನಲ್ಲಿ, ಟೈರು ಅಂಗಡಿಯ ಮೇಲೆ,
ಗೋಡೆಗೆ ಮೊಟ್ಟೆಯ ಟ್ರೇ ಅಂಟಿಸಿದ ಸ್ಟುಡಿಯೋ.
ನಾನು ಹೋರೇಸ್, ಗುಂಡಿ ತಿರುಗಿಸುವವ.
ಜಬಾರಿ ಬರೆದ, ಮಾರ್ಕ್ವಿಸ್ ಹಾಡಿದ.
ಹಾಡಿದ ಅನ್ನುವುದು ತಪ್ಪು: ಒದರಿದ, ಬೈದ, ಲೆಕ್ಕ ಒಪ್ಪಿಸಿದ,
ಹಲ್ಲುನೋವಿನ ದವಡೆ ಅಂಗೈಯಲ್ಲಿ ಒತ್ತಿ ಹಿಡಿದು.
ಮಾರ್ಚಿ ಕೊನೆಗೆ ನಾಲ್ಕು ಹಾಡು ಮುಗಿದವು.
ಏಪ್ರಿಲ್ ಎರಡಕ್ಕೆ ಮಾರ್ಕ್ವಿಸ್ ಮುಗಿದ,
ಲಾಂಡ್ರಿಯ ಮುಂದೆ,
ಚೀಲದಲ್ಲಿ ಬಟ್ಟೆ ಇನ್ನೂ ಬಿಸಿಯಿತ್ತು.

ಉಳಿದ ಒಂಬತ್ತು ಜಬಾರಿ ಒಬ್ಬನೇ ಹೇಳಿದ.
ರಾತ್ರಿ ಎರಡಕ್ಕೆ ಬರುತ್ತಿದ್ದ. ದೀಪ ಆರಿಸು ಅನ್ನುತ್ತಿದ್ದ.
ಎರಡನೇ ಮೈಕು ಮಡಚಿಡಲು ಬಿಡಲಿಲ್ಲ.
ಪ್ರತಿ ಚರಣದಲ್ಲೂ ಎಂಟು ಮಾತ್ರೆ ಖಾಲಿ ಬಿಟ್ಟ.
ಅಲ್ಲಿ ಡ್ರಮ್ಮು ಮಾತ್ರ,
ಯಾರೂ ಇಲ್ಲದ ಮನೆಯಲ್ಲಿ ನಲ್ಲಿ ತೊಟ್ಟಿಕ್ಕಿದ ಹಾಗೆ.

ಕಂಪನಿಯವರು ಬಂದರು, ಒಳ್ಳೆಯ ಕೋಟು.
ಖಾಲಿ ಜಾಗ ಕೇಳಿ ತಲೆದೂಗಿದರು: ಇದೇ ಮಾರುತ್ತೆ.
ಮಾರಿತು.
ರೇಡಿಯೋಗೆಂದು ಒಂದು ಪದ ಅಳಿಸಬೇಕಾಯಿತು,
ಅವನನ್ನು ಕೊಂದದ್ದರ ಹೆಸರು.
ಹಾಗಾಗಿ ಇಡೀ ದೇಶ ಕೇಳಿದ್ದು ಇಷ್ಟು:
ಮಾರ್ಕ್ವಿಸ್ ಸತ್ತದ್ದು ಒಂದು ಮೌನ ತಗುಲಿ.
ಬೇಸಿಗೆಗೆ ಹುಡುಗಿಯರು ಜೋಡಿ ಹಗ್ಗ ಬೀಸಿ
ಅದೇ ಚರಣಕ್ಕೆ ಜಿಗಿದರು, ಕಾಲು ತಪ್ಪದೆ.
ಜಬಾರಿ ಕಾರು ಕೊಂಡ. ಅದರಲ್ಲಿ ರೇಡಿಯೋ ಕೀಳಿಸಿದ.
ಚಿನ್ನದ ಹಲ್ಲು ಕಟ್ಟಿಸಿಕೊಂಡ, ಎರಡು:
ಒಂದು ತನಗೆ, ಒಂದು ಆ ದವಡೆಗೆ.

ಡಿಸೆಂಬರಿನಲ್ಲಿ ಗಾಜಿನ ಚೌಕಟ್ಟಿನೊಳಗೆ
ಬೆಳ್ಳಿಬಣ್ಣದ ತಟ್ಟೆಗಳು ಬಂದವು.
ಒಂದನ್ನು ನಾನೇ ವರ್ನೀಟಾಳ ಮನೆಗೆ ಹೊತ್ತೆ,
ಆರನೇ ಮಹಡಿ, ಲಿಫ್ಟು ಕೆಟ್ಟಿತ್ತು.
ಆಸ್ಪತ್ರೆಯ ಪಾಳಿ ಮುಗಿಸಿ ಬಂದ ತಾಯಿ, ಶೂ ಕೂಡ ಬಿಚ್ಚದೆ,
ಅದರಲ್ಲಿ ಮುಖ ನೋಡಿಕೊಂಡು ಕೇಳಿದಳು:
'ಇದು ತಿರುಗುತ್ತಾ?'
ಇಲ್ಲ ಅಂದೆ. ಬರೀ ತೂಗುಹಾಕೋದು.

ಆಮೇಲೆ, ಕಾಫಿ ಆರುತ್ತಿರುವಾಗ:
'ಮೂರನೇ ಹಾಡಲ್ಲಿ ಅವನು ಕೆಮ್ಮಬೇಕು ಹೋರೇಸ್.
ಆ ವಾರ ನೆಗಡಿ. ಎದೆಗೆ ಮುಲಾಮು ತಿಕ್ಕಿ ಕಳಿಸಿದ್ದೆ.
ಎಲ್ಲಿ ಹೋಯಿತು ಕೆಮ್ಮು?'

ನಾನು ಕತ್ತರಿಸಿದ್ದೆ. ಬ್ಲೇಡಿನಿಂದ, ಬೆರಳಗಲ ಟೇಪು.
ಅದು ನನ್ನ ಕಸುಬು: ಉಸಿರು, ಉಗುಳು ನುಂಗುವ ಸದ್ದು,
ಕುರ್ಚಿಯ ಕಿರುಗುಟ್ಟು ಎಲ್ಲ ತೆಗೆದು
ಮನುಷ್ಯನನ್ನು ಚೊಕ್ಕ ಮಾಡುವುದು.
ಅವನು ಬದುಕಿದ್ದಾಗಲೇ ಕತ್ತರಿಸಿದೆ,
ಸಿಳ್ಳೆ ಹಾಕುತ್ತಾ.

ಈಗಲೂ ಭಾನುವಾರ ಫೋನು ಮಾಡುತ್ತಾಳೆ,
ಚರ್ಚಿನಿಂದ ಬಂದು, ಟೋಪಿ ತೆಗೆಯುವ ಮೊದಲು.
ಹುಡುಕುತ್ತಾ ಇದ್ದೀನಿ ಅನ್ನುತ್ತೇನೆ.
ನಾಲ್ಕು ವರ್ಷವಾಯಿತು.