ತುದಿಗೆ ಸಂಬಂಧಿಸಿದ

ಏಪಿಕಲ್. ಗುಣವಾಚಕ. ತುದಿಗೆ ಸಂಬಂಧಿಸಿದ.
ಇಷ್ಟು ಬರೆದು ಇಶಾರೊ ಪೆನ್ನು ಕಚ್ಚುತ್ತಾಳೆ.
ಯಾವುದರ ತುದಿ?
ಕಿಟಕಿಯಾಚೆ ಉರುಮೆಯಾ ನದಿ, ಕಾಗದದ ಕಾರ್ಖಾನೆ,
ಬಾಸ್ಕ್ ಪದಕೋಶ ಅಚ್ಚಿಗೆ ಹೋಗಲು ಹನ್ನೊಂದು ವಾರ.

ಸೇಬಿನ ತೋಟದ ಎರ್ರಾಮುನ್ ಹತ್ತಿರ ಹೋಗು, ಅಂದರು ಕಚೇರಿಯಲ್ಲಿ.
ಆ ಕಣಿವೆಯಲ್ಲಿ ಎರಡು ಸಕಾರ ಇನ್ನೂ ಬೇರೆಬೇರೆ ಉಳಿದಿರುವುದು
ಆ ಮುದುಕನ ಬಾಯಲ್ಲಿ.

ನಾಲಿಗೆಯ ತುದಿ ಎತ್ತಿ ಹಲ್ಲಿನ ಹಿಂದಣ ದಿಣ್ಣೆಗೆ ಒಯ್ದರೆ
ಸು. ಬೆಂಕಿ.
ತುದಿ ತಗ್ಗಿಸಿ ಅಲಗಿನಿಂದ ಸವರಿದರೆ
ಸು. ನೀನು.
ತುದಿಯಿಂದ ಅಸಿ ಅಂದರೆ ಶುರುವಾಯಿತು,
ಅಲಗಿನಿಂದ ಅಸಿ ಅಂದರೆ ಬೆಳೆಯಿತು.
ಎರಡನ್ನೂ ಬರೆಯಲು ನನ್ನ ಬಳಿ ಇರುವುದು ಒಂದೇ ಸ.
ಅವರನ್ನು ಕಂಡು ನಗಬೇಡಿ;
ಶಂಖದ ಶ, ಷಟ್ಕೋಣದ ಷ ಎಂದು ಮೇಷ್ಟರಿಗೆ ಒಪ್ಪಿಸಿ
ಮನೆಗೆ ಬಂದು ಒಂದೇ ಒರಳಲ್ಲಿ ಅರೆದವರು ನಾವು.

ಫೆಬ್ರವರಿ. ಎರ್ರಾಮುನ್ ಏಣಿಯ ಮೇಲಿದ್ದ.
"ಮೇಲಿನ ಮೊಗ್ಗು ಬಲು ದೊರೆ, ಮಗಳೇ.
ಸೂರ್ಯ ತನಗೊಬ್ಬನಿಗೇ ಅಂತಾನೆ,
ಕೆಳಗಿನವಕ್ಕೆ ಮಲಗಿರಿ ಅಂತ ರಸ ಕಳಿಸ್ತಾನೆ.
ಕುಡಿ ಕತ್ತರಿಸು. ವಸಂತ ಬರಲಿ, ನೋಡು,
ಪಕ್ಕದವು ಹೇಗೆ ಕಣ್ಣುಜ್ಜಿಕೊಂಡು ಏಳ್ತಾವೆ."

ಕುಡಿ ಎಂದದ್ದು ನಾನು. ಅವನ ಮಾತಿನಲ್ಲಿ ಬೇರೆ ಏನೋ ಇತ್ತು.
ಇಳಿದು ಬಂದು, ಪೀಪಾಯಿಯ ಬೆಣೆ ಕಿತ್ತು
ನೂಲಿನಂತೆ ಚಿಮ್ಮಿದ ಸೇಬಿನ ಹುಳಿಮದ್ಯಕ್ಕೆ ಲೋಟ ಒಡ್ಡಿ
ಅವಳ ಕೈಗಿಟ್ಟು, ಕುಡಿ ಅಂದ.
ಇದೂ ನನ್ನದೇ ಪದ, ಬಿಡಿ.

ಅವತ್ತು ಅವಳು ಯಂತ್ರ ತಂದಿರಲಿಲ್ಲ.
ಮೊದಲ ಸಲವೇ ಬಾಯಿಗೆ ಮೈಕು ಹಿಡಿಯುವುದು ಹೇಗೆ?
ಇನ್ನೊಂದು ಬುಧವಾರ ಬರುತ್ತೇನೆ ಅಂದಳು.

ನಡುವೆ ಒಂದು ಶುಕ್ರವಾರ ಬಂತು.
ಮೇಲ್ದವಡೆಯ ಮುಂದಲ ಹಲ್ಲು, ಬೇರಿನ ತುದಿಯಲ್ಲಿ ಕೀವು.
ಆ ತುದಿ ಯಾರಿಗೂ ಕಾಣದ್ದು, ಒಸಡಿನೊಳಗೆ ಹೂತದ್ದು.
ಎಂಬತ್ತೊಂದರ ಜೀವ, ಮೊದಲು ಎದೆ ನೋಡಿಸಿ ಎಂದರು.
ಡಾಕ್ಟರು ಎಡಪಕ್ಕೆಯ ಐದನೇ ಸಂದಿಗೆ ತಣ್ಣನೆಯ ಬಿಲ್ಲೆ ಒತ್ತಿ
ಕಣ್ಣು ಮುಚ್ಚಿ ಆಲಿಸಿದಳು.
ಹೃದಯದ ತುದಿ ಇರುವುದು ಕೆಳಗೆ,
ಬುಗುರಿಯ ಮೊಳೆಯ ಹಾಗೆ.
ತಾಳ ಸರಿಯಿದೆ, ಕೀಳಬಹುದು.
ಎರಡು ಚೀಟಿಯಲ್ಲೂ ಅದೇ ಗುಣವಾಚಕ, ಎರಡು ಕೈಬರಹ.

ಬುಧವಾರ ಯಂತ್ರದ ಕೆಂಪು ದೀಪ ಉರಿಯಿತು.
ಸು, ಅಂದ. ಸು, ಅಂದ.
ಪರದೆಯ ಮೇಲೆ ಒಂದೇ ಬಗೆಯ ಎರಡು ಮಂಜು.
ಇನ್ನೊಮ್ಮೆ? ಇನ್ನೊಮ್ಮೆಯೂ ಗಾಳಿ ಹಲ್ಲಿಲ್ಲದ ಬಾಗಿಲಿಂದ
ತನಗೆ ಬೇಕಾದ ಹಾಗೆ ಹೋಯಿತು.
"ಬೇರೆಬೇರೆಯಾಗೇ ಅಂದೆನಲ್ಲ," ಎಂದು ಅವನಿಗೆ ಸಿಟ್ಟು.
ಅವನ ಕಿವಿಯೊಳಗೆ ಅವು ಬೇರೆಬೇರೆಯೇ ಇದ್ದವು.
ದೀಪ ಆರಿಸಿದಳು.

ಮೂಲೆಯಲ್ಲಿ ಲೆಕ್ಕ ಮಾಡುತ್ತಿದ್ದ ಮೊಮ್ಮಗಳು ಮಾಲೆನ್,
ಪಟ್ಟಣದ ಶಾಲೆಯ ಹುಡುಗಿ, ಒಂದೇ ಸಕಾರದವಳು,
ತಲೆಯೆತ್ತದೆ ಅಂದಳು:
ಐತೊನ ಹೇಳೋದು ಹೀಗೆ. ಸು. ಆಮೇಲೆ ಹೀಗೆ. ಸು.

ಅಜ್ಜನನ್ನು ಅಣಕಿಸಿ ಅಣಕಿಸಿ ಕಲಿತದ್ದು.
ಇಶಾರೊಳ ಹೆಬ್ಬೆರಳು ಗುಂಡಿ ಹುಡುಕುವಷ್ಟರಲ್ಲಿ
ಮುಗಿದಿತ್ತು. ಇನ್ನೊಂದು ಸಲ ಹೇಳು ಪುಟ್ಟಾ?
ಊಹೂಂ. ಹದಿನೇಳನೇ ಮಗ್ಗಿ ನಡೆಯುತ್ತಿತ್ತು.

ಕತ್ತಲಾಯಿತು. ಯಂತ್ರ ಚೀಲಕ್ಕೆ ಹೋಯಿತು.
ಕೋಟಿಗೆ ಕೈ ತೂರಿಸುವಾಗ ಹಿಂದಿನಿಂದ ಮುದುಕ
ಸು, ಅಂದ.

ಅವಳು ಒಲೆಯತ್ತ ನೋಡಿದಳು. ನಿಜ, ಕೆಂಡ ಬೂದಿಯಾಗುತ್ತಿತ್ತು.
ಬಾಗಿ ಒಂದು ಕೊರಡು ಒಡ್ಡಿ ಊದಿದಳು,
ಕೊರಡಿನ ತುದಿ ಹತ್ತಿಕೊಂಡಿತು.

ಅವನು ಕರೆದದ್ದು ಅವಳನ್ನು.